ಸ್ವಯಮಾಗತ ಕ್ರೀಡಾ ಮೀಮಾಂಸೆ

ರಾತ್ರಿ ಚಾರ್ಜಿಗೆ ಹಾಕಿ ಮಲಗಿದ ಫೋನನ್ನು ಬೆಳಿಗ್ಗೆ ಎತ್ತಿಕೊಂಡರೆ ಅದರಲ್ಲಿ ಮೂರು ಹೊಸ ಆಟಗಳು ಬಂದು ಕೂತಿರುತ್ತವೆ. ಒಂದರಲ್ಲಿ ಮಿಠಾಯಿಗಳನ್ನು ಸಾಲಾಗಿ ಜೋಡಿಸಬೇಕು, ಇನ್ನೊಂದರಲ್ಲಿ ಬಣ್ಣದ ಗುಳ್ಳೆ ಒಡೆಯಬೇಕು, ಮೂರನೆಯದರಲ್ಲಿ ಯಾರದೋ ಪಾಳುಬಿದ್ದ ಬಂಗಲೆಗೆ ಸುಣ್ಣಬಣ್ಣ ಮಾಡಿಸಬೇಕು. ಫೋನಿನ ಒಡೆಯರು ನಿವೃತ್ತ ತಹಶೀಲ್ದಾರರು, ಜೀವಮಾನದಲ್ಲಿ ಚೌಕಾಬಾರ ಬಿಟ್ಟು ಬೇರೇನೂ ಆಡಿದವರಲ್ಲ ಎಂಬುದನ್ನು ಈ ಆಟಗಳು ಲೆಕ್ಕಕ್ಕೇ ಇಟ್ಟುಕೊಳ್ಳುವುದಿಲ್ಲ. ಮನೆಮನೆಯಲ್ಲೂ ಕಾಣುವ ಇಂಥ ವಿದ್ಯಮಾನವನ್ನು ನಮ್ಮ ಶಾಸ್ತ್ರಕಾರರು ಉಪೇಕ್ಷಿಸಿದ್ದಾರೆ. ಪ್ರಾಚೀನರನ್ನು ಮನ್ನಿಸಬಹುದು, ಅವರ ಕೈಯಲ್ಲಿದ್ದದ್ದು ತಾಳೆಗರಿ, ಬೆಳಗಾಗುವಷ್ಟರಲ್ಲಿ ಅದಕ್ಕೆ ಹೆಚ್ಚೆಂದರೆ ಗೆದ್ದಲು ಹತ್ತುತ್ತಿತ್ತು. ಆಧುನಿಕ ವಿದ್ವಾಂಸರಿಗೆ ಆ ನೆಪವೂ ಇಲ್ಲ. ಆ ಕೊರತೆಯನ್ನು ತುಂಬಲು ಹೊರಟ ಈ ಪ್ರಬಂಧದ ಪ್ರತಿಜ್ಞೆ ಹೀಗಿದೆ: ತಾನಾಗಿ ಬಂದ ಆಟ ತಾನಾಗಿ ಬಂದದ್ದಲ್ಲ, ಅದನ್ನು ತಂದವನೊಬ್ಬ ಫೋನಿನೊಳಗೇ ಇದ್ದಾನೆ, ಆದ್ದರಿಂದ ಆಟವನ್ನು ಅಳಿಸಿ ಪ್ರಯೋಜನವಿಲ್ಲ, ತಂದವನ ಅಧಿಕಾರವನ್ನು ಕಿತ್ತುಕೊಳ್ಳಬೇಕು.

ಈ ವಿಷಯದಲ್ಲಿ ಮೂರು ಪೂರ್ವಪಕ್ಷಗಳು ಪ್ರಚಾರದಲ್ಲಿವೆ. ಯದೃಚ್ಛಾವಾದಿಗಳ ಪ್ರಕಾರ ಆಟಗಳು ಕಾರಣವಿಲ್ಲದೆ ಹುಟ್ಟುತ್ತವೆ. ಮಳೆಗಾಲದಲ್ಲಿ ಅಣಬೆ ಏಳುವುದಿಲ್ಲವೇ ಎಂದು ಅವರು ಕೇಳುತ್ತಾರೆ. ಬಾಲದೋಷವಾದಿಗಳು ಇಡೀ ಅಪರಾಧವನ್ನು ಮನೆಯ ಅತಿ ಚಿಕ್ಕ ಸದಸ್ಯನ ತಲೆಗೆ ಕಟ್ಟುತ್ತಾರೆ. ಈ ಪಂಥಕ್ಕೆ ನಮ್ಮಲ್ಲಿ ಅನುಯಾಯಿಗಳು ಹೆಚ್ಚು, ಏಕೆಂದರೆ ಆರೋಪಿ ಇನ್ನೂ ಎರಡನೆಯ ತರಗತಿಯಲ್ಲಿರುತ್ತಾನೆ ಮತ್ತು ಹಿಂದೊಮ್ಮೆ ನಿಜವಾಗಿಯೂ ಸಿಕ್ಕಿಬಿದ್ದಿರುತ್ತಾನೆ. ಮೂರನೆಯವರು ವೈರಸ್‌ವಾದಿಗಳು, ಎಲ್ಲವನ್ನೂ ವೈರಸ್ ಎಂದು ಕರೆದು ಇನ್ನೊಂದು ಆ್ಯಪ್ ಇಳಿಸಿಕೊಳ್ಳುವುದು ಇವರ ಸಂಪ್ರದಾಯ. ಮೂವರ ಬಾಯಿಯನ್ನೂ ಪ್ರತ್ಯಕ್ಷ ಪ್ರಮಾಣವೊಂದೇ ಮುಚ್ಚಿಸುತ್ತದೆ. ಬೇಡದ ಆಟದ ಐಕಾನನ್ನು ಬೆರಳಿನಿಂದ ಒತ್ತಿ ಹಿಡಿದು ‘ಆ್ಯಪ್ ಇನ್ಫೋ’ ಪುಟಕ್ಕೆ ಹೋಗಿ, ಬ್ಯಾಟರಿ, ಡೇಟಾ, ಪರ್ಮಿಷನ್‌ಗಳನ್ನೆಲ್ಲ ದಾಟಿ ತಳಕ್ಕೆ ಇಳಿಯಿರಿ. ಆ ಆ್ಯಪ್ ಯಾರ ಮೂಲಕ ಬಂತೆಂದು ಅನೇಕ ಫೋನುಗಳಲ್ಲಿ ಅಲ್ಲಿ ಸಣ್ಣ ಅಕ್ಷರದ ಒಂದು ಸಾಲು ಇರುತ್ತದೆ. ಅಲ್ಲಿ ಪ್ಲೇ ಸ್ಟೋರ್ ಹೆಸರಿದ್ದರೆ ಮನೆಯವರ ವಿಚಾರಣೆ ಮುಂದುವರಿಸಬಹುದು. ಫೋನ್ ಕಂಪನಿಯ ಸ್ವಂತ ಅಂಗಡಿಯದೋ, ಯಾರೂ ಕೇಳರಿಯದ ಒಂದು ಸೇವೆಯದೋ ಹೆಸರಿದ್ದರೆ ಮಗು ಬಹುಮಟ್ಟಿಗೆ ನಿರ್ದೋಷಿ. ಹುಟ್ಟಿದ ಮನೆಯ ವಿಳಾಸವನ್ನು ಬೆನ್ನಿಗೆ ಅಂಟಿಸಿಕೊಂಡು ಓಡಾಡುವ ಅಣಬೆಯನ್ನು ಯದೃಚ್ಛಾವಾದಿಗಳು ಎಲ್ಲಿಯಾದರೂ ಕಂಡಿದ್ದರೆ ತೋರಿಸಲಿ.

ತಂದವನು ಯಾರೆಂದು ತಿಳಿದ ಮೇಲೆ, ಅವನಿಗೆ ಈ ಅಧಿಕಾರ ಎಲ್ಲಿಂದ ಬಂತು ಎಂಬ ಪ್ರಶ್ನೆ ಏಳುತ್ತದೆ. ಇದಕ್ಕೆ ಉತ್ತರ ಸಿಲಿಕಾನ್ ವ್ಯಾಲಿಯಲ್ಲಿಲ್ಲ, ಬೀದರ್ ಜಿಲ್ಲೆಯ ಬಸವಕಲ್ಯಾಣದಲ್ಲಿದೆ. ಅಲ್ಲಿ ಚಾಲುಕ್ಯರ ಆರನೆಯ ವಿಕ್ರಮಾದಿತ್ಯನ ಆಶ್ರಯದಲ್ಲಿದ್ದ ವಿಜ್ಞಾನೇಶ್ವರನು ಯಾಜ್ಞವಲ್ಕ್ಯ ಸ್ಮೃತಿಗೆ ಬರೆದ ‘ಮಿತಾಕ್ಷರಾ’ ವ್ಯಾಖ್ಯಾನದಲ್ಲಿ, ಪಿತ್ರಾರ್ಜಿತದ ಮೇಲೆ ಮಗನಿಗೆ ಹುಟ್ಟಿನಿಂದಲೇ ಹಕ್ಕು ಬರುತ್ತದೆ ಎಂದು ಸಾಧಿಸಿದ್ದಾನೆ. ಬಂಗಾಳದಲ್ಲಿ ಜೀಮೂತವಾಹನನ ‘ದಾಯಭಾಗ’ ಇದನ್ನು ಒಪ್ಪಲಿಲ್ಲ. ತಂದೆ ತೀರಿಕೊಂಡ ಮೇಲೆ ಮಾತ್ರ ಹಕ್ಕು ಎಂದಿತು. ಫೋನ್ ತಯಾರಕರು ದಾಯಭಾಗವನ್ನು ಅನುಸರಿಸಿದ್ದರೆ ಬಳಕೆದಾರನು ತಾನು ಬದುಕಿರುವವರೆಗಾದರೂ ನೆಮ್ಮದಿಯಾಗಿರಬಹುದಿತ್ತು. ದುರದೃಷ್ಟಕ್ಕೆ ಅವರೆಲ್ಲರೂ ಕಟ್ಟಾ ಮಿತಾಕ್ಷರಾ ಪಕ್ಷದವರು. ಆಟ ತರುವ ಆ್ಯಪ್ ಕಾರ್ಖಾನೆಯಲ್ಲೇ ಫೋನಿನ ಸಿಸ್ಟಂ ಭಾಗದಲ್ಲಿ ಜನಿಸಿರುತ್ತದೆ. ಬೇರೆ ಆ್ಯಪ್‌ಗಳನ್ನು ಯಾರನ್ನೂ ಕೇಳದೆ ಸ್ಥಾಪಿಸುವ ವಿಶೇಷ ಅನುಮತಿ ಅದಕ್ಕೆ ಜನ್ಮಸಿದ್ಧ. ನೀವು ಹೊರಗಿನಿಂದ ಒಂದು ಫೈಲ್ ತಂದರೆ ‘ಅಪರಿಚಿತ ಮೂಲ’ ಎಂದು ಅದೇ ಫೋನ್ ಬಾಗಿಲಲ್ಲಿ ತಡೆದು ನಿಲ್ಲಿಸುತ್ತದೆ. 2017ರಲ್ಲಿ ಬಂದ ಆಂಡ್ರಾಯ್ಡ್ 8ರಿಂದೀಚೆಗೆ ಹೊರಗಿನ ಫೈಲ್ ಸ್ಥಾಪಿಸುವ ಅನುಮತಿಯನ್ನು ಒಂದೊಂದು ಆ್ಯಪ್‌ಗೂ ಬೇರೆಬೇರೆಯಾಗಿ ಕೊಡಬೇಕು. ಕಾರ್ಖಾನೆಯ ಕೂಸಿಗೆ ಆ ತಪಾಸಣೆಯಿಲ್ಲ. 1994ರಲ್ಲಿ ಕರ್ನಾಟಕವೂ 2005ರಲ್ಲಿ ಇಡೀ ದೇಶವೂ ಹೆಣ್ಣುಮಕ್ಕಳಿಗೆ ಹುಟ್ಟಿನಿಂದಲೇ ಪಾಲು ಕೊಟ್ಟವು. ದುಡ್ಡು ಕೊಟ್ಟು ಫೋನ್ ಕೊಂಡವನಿಗೆ ಪಾಲು ಕೊಡುವ ತಿದ್ದುಪಡಿ ಇನ್ನೂ ಬಂದಿಲ್ಲ.

ಅವಿಭಕ್ತ ಕುಟುಂಬದ ಕರ್ತನಿಗೂ ಶಾಸ್ತ್ರ ಒಂದು ಮಿತಿ ಹಾಕಿದೆ ಎಂಬುದನ್ನು ಮರೆಯಬಾರದು. ಆಪತ್ಕಾಲ, ಕುಟುಂಬದ ಅಗತ್ಯ, ಧರ್ಮಕಾರ್ಯ, ಈ ಮೂರು ಸಂದರ್ಭಗಳಲ್ಲಿ ಮಾತ್ರ ಅವನು ಉಳಿದವರನ್ನು ಕೇಳದೆ ಕುಟುಂಬದ ಆಸ್ತಿಯನ್ನು ಪರಭಾರೆ ಮಾಡಬಹುದು. ಅರವತ್ತನಾಲ್ಕು ಜಿಬಿಯ ಫೋನಿನಲ್ಲಿ ಮಿಠಾಯಿ ಆಟಕ್ಕೆ ಜಾಗ ಬಿಟ್ಟುಕೊಟ್ಟದ್ದು ಇವುಗಳಲ್ಲಿ ಯಾವುದಕ್ಕೆ ಸೇರುತ್ತದೆ? ಮೊಮ್ಮಗಳ ನಾಮಕರಣದ ವಿಡಿಯೊ ತೆಗೆಯುವಾಗ ‘ಸ್ಟೋರೇಜ್ ಫುಲ್’ ಎಂದು ಬಂದರೆ ಅದು ಆಪತ್ಕಾಲವೇ ಹೌದು, ಆದರೆ ತಂದವನೇ ತಂದ ಆಪತ್ತು. ನಿಜವಾದ ಕಾರಣ ಮೂರು ಬಿಟ್ಟು ನಾಲ್ಕನೆಯದು. ಆಟದ ಕಂಪನಿಗಳು ತಮ್ಮ ಆ್ಯಪ್ ಒಂದು ಫೋನಿಗೆ ಇಳಿದರೆ ಇಷ್ಟು ಎಂದು ತಲೆಲೆಕ್ಕದಲ್ಲಿ ದುಡ್ಡು ಕೊಡುತ್ತವೆ. ಆ ದುಡ್ಡಿಗಾಗಿ ಆಟಗಳನ್ನು ಫೋನುಗಳಿಗೆ ಮುಟ್ಟಿಸುವುದೇ ಒಂದು ಉದ್ಯಮ. ಅಮೆರಿಕದಲ್ಲಿ ಮೊಬೈಲ್ ಸೇವಾ ಕಂಪನಿಗಳು ಮಾರುವ ಫೋನುಗಳೊಳಗೆ ಡಿಜಿಟಲ್ ಟರ್ಬೈನ್ ಎಂಬ ಸಂಸ್ಥೆಯ ತಂತ್ರಾಂಶ ಈ ಕೆಲಸ ಮಾಡುತ್ತದೆ. ಇಸ್ರೇಲಿನ ಐರನ್‌ಸೋರ್ಸ್‌ನದೂ ಇಂಥದೇ ವ್ಯಾಪಾರ. ಅದು 2022ರಲ್ಲಿ, ಆಟ ತಯಾರಿಸುವ ಸಲಕರಣೆಗೆ ಜಗತ್ಪ್ರಸಿದ್ಧವಾದ ಯೂನಿಟಿ ಕಂಪನಿಯೊಂದಿಗೆ ಸುಮಾರು 440 ಕೋಟಿ ಡಾಲರ್ ಮೌಲ್ಯದ ಒಪ್ಪಂದದಲ್ಲಿ ವಿಲೀನವಾಯಿತು. ಆಟ ಕಟ್ಟುವವನಿಗೆ ಸಲಕರಣೆ ಒದಗಿಸುವವರೂ ಕಟ್ಟಿದ್ದನ್ನು ತಲುಪಿಸುವವರೂ ಒಂದೇ ಸೂರಿನಡಿ ಬಂದರು. ಆಡುವವನ ಇಚ್ಛೆ ಎಂಬ ಇನ್ನೊಂದು ಅಂಗವನ್ನು ಇಬ್ಬರೂ ಗೌಣವೆಂದು ಬಿಟ್ಟಿದ್ದಾರೆ.

ಇಲ್ಲಿ ಅಳಿಸುವಿಕೆಯ ಪಕ್ಷದವರು ಎದ್ದು ನಿಲ್ಲುತ್ತಾರೆ: ಇಷ್ಟೆಲ್ಲ ಗ್ರಂಥ ಏಕೆ, ಒತ್ತಿ ಹಿಡಿದು ಅನ್‌ಇನ್‌ಸ್ಟಾಲ್ ಮಾಡಿದರಾಯಿತಲ್ಲ? ಮಾಡಿದರಾಯಿತು, ಮುಂದಿನ ಕಂತು ಬರುವವರೆಗೆ. ಕಾರ್ಯವನ್ನು ನಾಶಮಾಡಿದರೆ ಕಾರಣ ನಾಶವಾಗುವುದಿಲ್ಲ ಎಂಬುದು ತರ್ಕಶಾಸ್ತ್ರದ ಮೊದಲ ಪಾಠ. ಇನ್ನೂ ಉತ್ಸಾಹಿಗಳು ‘ಫ್ಯಾಕ್ಟರಿ ರೀಸೆಟ್’ ಎಂಬ ಪ್ರಳಯವನ್ನೇ ಮಾಡಿಸುತ್ತಾರೆ. ಇದು ಎಲ್ಲ ಚಿಕಿತ್ಸೆಗಳಲ್ಲಿ ಅತ್ಯಂತ ದುಬಾರಿಯೂ ಅತ್ಯಂತ ಹಾಸ್ಯಾಸ್ಪದವೂ ಆದದ್ದು. ರೀಸೆಟ್ ಅಳಿಸುವುದು ನಿಮ್ಮ ಫೋಟೊ, ಸಂದೇಶ, ಲಾಗಿನ್‌ಗಳನ್ನು. ಸಿಸ್ಟಂ ಭಾಗವನ್ನು ಅದು ಮುಟ್ಟುವುದಿಲ್ಲ. ಪ್ರಳಯಾನಂತರ ವಟಪತ್ರದ ಮೇಲೆ ಪವಡಿಸಿ ಉಳಿಯುವುದು ಆಟ ತರುವ ಆ ಆ್ಯಪ್ ಒಂದೇ. ಕಣ್ತೆರೆದ ಅದಕ್ಕೆ ಎದುರಿಗಿರುವುದು ಹೊಚ್ಚ ಹೊಸ ಫೋನ್ ಎನಿಸುತ್ತದೆ, ಸೃಷ್ಟಿಕಾರ್ಯ ಮೊದಲಿನಿಂದ ಸಾಂಗವಾಗಿ ಆರಂಭವಾಗುತ್ತದೆ. ಇನ್ನು ಕೆಲವರು ಪ್ಲೇ ಸ್ಟೋರಿಗೆ ಹೋಗಿ ‘ಆಟೊ ಅಪ್‌ಡೇಟ್’ ಆಫ್ ಮಾಡಿ ಕೈತೊಳೆದುಕೊಳ್ಳುತ್ತಾರೆ. ಅದು ಈಗಾಗಲೇ ಇರುವ ಆ್ಯಪ್‌ಗಳ ಹೊಸ ಆವೃತ್ತಿಯನ್ನು ನಿಲ್ಲಿಸುತ್ತದೆಯೇ ಹೊರತು ಹೊಸಬರನ್ನು ತಡೆಯುವುದಿಲ್ಲ. ಎತ್ತಿಗೆ ಜ್ವರ ಬಂದರೆ ಎಮ್ಮೆಗೆ ಬರೆ ಎಂಬ ಗಾದೆ ಇರುವ ಭಾಷೆಯಲ್ಲಿ ಇದನ್ನು ಹೆಚ್ಚು ವಿವರಿಸಬೇಕಾಗಿಲ್ಲ. ಪಾಪದ ಎಮ್ಮೆ, ಅಂದರೆ ಬ್ಯಾಂಕಿನ ಆ್ಯಪ್, ಭದ್ರತೆಯ ಅಪ್‌ಡೇಟ್ ಸಿಗದೆ ಕೊರಗುತ್ತದೆ.

ಎರಡನೆಯ ಆಕ್ಷೇಪ ವಕೀಲರದು. ಹೊಸ ಫೋನ್ ತೆರೆದ ದಿನ ‘ನಿಮಗಾಗಿ ಆಯ್ದ ಆ್ಯಪ್‌ಗಳು’ ಎಂಬ ಪುಟ ಬಂದಿತ್ತು, ಮೊದಲೇ ಟಿಕ್ ಆಗಿದ್ದ ಚೌಕಗಳನ್ನು ನೀವು ತೆಗೆಯಲಿಲ್ಲ, ಆದ್ದರಿಂದ ನೀವು ಒಪ್ಪಿದಿರಿ ಎಂದು ಅವರು ಹೇಳುತ್ತಾರೆ. ಮೌನಂ ಸಮ್ಮತಿಲಕ್ಷಣಂ ಎಂಬುದು ಮದುವೆಯ ಮಾತುಕತೆಯಲ್ಲಿ ನಡೆಯುತ್ತದೆ, ಕರಾರಿನಲ್ಲಿ ನಡೆಯುವುದಿಲ್ಲ. 1862ರಲ್ಲಿ ಇಂಗ್ಲೆಂಡಿನ ನ್ಯಾಯಾಲಯವು ಫೆಲ್ಟ್‌ಹೌಸ್ ವಿರುದ್ಧ ಬಿಂಡ್ಲೆ ಪ್ರಕರಣದಲ್ಲಿ ಇದನ್ನು ಇತ್ಯರ್ಥ ಮಾಡಿತು. ಚಿಕ್ಕಪ್ಪನೊಬ್ಬ ತನ್ನ ಅಣ್ಣನ ಮಗನಿಗೆ ಪತ್ರ ಬರೆದು, ನಿನ್ನಿಂದ ಮತ್ತೆ ಸುದ್ದಿ ಬಾರದಿದ್ದರೆ ಕುದುರೆ 30 ಪೌಂಡ್ 15 ಷಿಲಿಂಗಿಗೆ ನನ್ನದೆಂದು ತಿಳಿಯುತ್ತೇನೆ ಎಂದಿದ್ದ. ಹುಡುಗ ಉತ್ತರ ಬರೆಯಲಿಲ್ಲ. ಹರಾಜುಗಾರ ಬಿಂಡ್ಲೆ ತಪ್ಪಿ ಕುದುರೆಯನ್ನು ಬೇರೆಯವರಿಗೆ ಮಾರಿದ. ಚಿಕ್ಕಪ್ಪ ದಾವೆ ಹೂಡಿ ಸೋತ. ಸುಮ್ಮನಿದ್ದ ಮಾತ್ರಕ್ಕೆ ಒಪ್ಪಂದವಾಗುವುದಿಲ್ಲ ಎಂದು ನ್ಯಾಯಾಲಯ ಹೇಳಿತು. ಒಂದು ಕುದುರೆಗೆ ಅನ್ವಯಿಸುವ ನ್ಯಾಯ, ಕುದುರೆ ಓಡಿಸುವ ಆಟಕ್ಕೆ ಅನ್ವಯಿಸದು ಎನ್ನಲು ಕಾರಣ ಕಾಣುವುದಿಲ್ಲ. ನಮ್ಮಲ್ಲೂ 2023ರ ನವೆಂಬರ್ 30ರಂದು ಕೇಂದ್ರ ಗ್ರಾಹಕ ಸಂರಕ್ಷಣಾ ಪ್ರಾಧಿಕಾರ ‘ಡಾರ್ಕ್ ಪ್ಯಾಟರ್ನ್’ಗಳ ವಿರುದ್ಧ ಮಾರ್ಗಸೂಚಿ ಹೊರಡಿಸಿ ಹದಿಮೂರು ಬಗೆಯ ಮೋಸದ ವಿನ್ಯಾಸಗಳನ್ನು ಪಟ್ಟಿಮಾಡಿತು. ಗಿರಾಕಿಗೆ ಬೇಡದ ಸಾಮಾನನ್ನು ಅವನ ಬುಟ್ಟಿಗೆ ನುಸುಳಿಸುವುದು ಅವುಗಳಲ್ಲೊಂದು. ಆದರೆ ಅಲ್ಲಿನ ವ್ಯಾಖ್ಯೆಯಂತೆ, ನುಸುಳಿಸಿದ್ದರಿಂದ ಕೊಡಬೇಕಾದ ಮೊತ್ತವೂ ಹೆಚ್ಚಬೇಕು. ಆಟ ಪುಕ್ಕಟೆಯಲ್ಲವೇ, ಮೊತ್ತ ಎಲ್ಲಿ ಹೆಚ್ಚಿತು ಎಂದು ಕಂಪನಿಯ ವಕೀಲರು ಕೇಳಬಹುದು. ದಿನಕ್ಕೆ ಒಂದೂವರೆ ಜಿಬಿಯ ಪ್ಯಾಕ್ ಹಾಕಿಸಿಕೊಂಡು, ಮಧ್ಯಾಹ್ನಕ್ಕೇ ಅದು ಮುಗಿದದ್ದನ್ನು ಕಂಡವರು ಉತ್ತರ ಹೇಳಲಿ.

ಪುಕ್ಕಟೆ ಎಂಬ ಮಾತು ಬಂದದ್ದರಿಂದ ದಾನವಾದಿಗಳನ್ನೂ ವಿಚಾರಿಸಿಕೊಳ್ಳಬೇಕು. ಆಟ ಒಂದು ಉಡುಗೊರೆ, ಉಡುಗೊರೆಯ ಹಲ್ಲು ಎಣಿಸಬಾರದು ಎಂಬುದು ಅವರ ನಿಲುವು. 1882ರ ಆಸ್ತಿ ವರ್ಗಾವಣೆ ಕಾಯ್ದೆಯ 122ನೆಯ ಕಲಮಿನ ಪ್ರಕಾರ, ಪಡೆಯುವವನು ಸ್ವೀಕರಿಸದೆ ದಾನ ಪೂರ್ಣವಾಗುವುದಿಲ್ಲ. ಈ ತತ್ತ್ವವನ್ನು ಆ್ಯಪಲ್ ಕಂಪನಿ ತಡವಾಗಿ ಕಲಿಯಿತು: 2014ರ ಸೆಪ್ಟೆಂಬರ್‌ನಲ್ಲಿ ಯು2 ತಂಡದ ಹೊಸ ಆಲ್ಬಮನ್ನು ಸುಮಾರು 50 ಕೋಟಿ ಐಟ್ಯೂನ್ಸ್ ಖಾತೆಗಳಿಗೆ ಯಾರೂ ಕೇಳದೆ ಸೇರಿಸಿ, ಕೂಗೆದ್ದ ಮೇಲೆ ಅದನ್ನು ತೆಗೆದುಹಾಕಲೆಂದೇ ಒಂದು ಪುಟ ಮಾಡಿಕೊಡಬೇಕಾಯಿತು. ದಾನವಾದಿಗಳಲ್ಲಿ ಚುರುಕಾದವರು ಆಗ ಪಕ್ಷ ಬದಲಿಸಿ, ಇದು ದಾನವಲ್ಲ ವಿನಿಮಯ, ಆಟದ ದುಡ್ಡಿನಿಂದಲೇ ಫೋನ್ ಇಷ್ಟು ಅಗ್ಗ ಎನ್ನುತ್ತಾರೆ. ಎಲ್ಲ ಆಕ್ಷೇಪಗಳಲ್ಲಿ ಗಟ್ಟಿಯಾದದ್ದು ಇದೇ, ಇದರಲ್ಲಿ ಸತ್ಯಾಂಶವೂ ಇದೆ. ಯಂತ್ರದ ಮಾರಾಟದಲ್ಲಿ ನಿವ್ವಳ ಲಾಭವನ್ನು ಶೇ 5ರ ಮೇಲೆ ಹೋಗಗೊಡುವುದಿಲ್ಲ ಎಂದು ಶಿಯೋಮಿ 2018ರಲ್ಲಿ ಬಹಿರಂಗವಾಗಿ ಮಾತು ಕೊಟ್ಟಿತು. ಉಳಿದ ಸಂಪಾದನೆ ಜಾಹೀರಾತು ಮತ್ತು ಸೇವೆಗಳಿಂದ ಬರಬೇಕಲ್ಲ. ವಿನಿಮಯವಾದರೆ ನಮ್ಮ ಅಭ್ಯಂತರವಿಲ್ಲ, ಬೆಲೆ ಮಾತ್ರ ಹೇಳಬೇಕು. ಹೇಳುವುದು ಸಾಧ್ಯವೆಂಬುದಕ್ಕೆ ದೃಷ್ಟಾಂತವೂ ಇದೆ. ಅಮೆಜಾನ್ 2016ರಲ್ಲಿ ಅಮೆರಿಕದಲ್ಲಿ ಲಾಕ್‌ಸ್ಕ್ರೀನಿನಲ್ಲಿ ಜಾಹೀರಾತು ತೋರಿಸುವ ಫೋನುಗಳನ್ನು 50 ಡಾಲರ್ ಕಡಿಮೆಗೆ ಮಾರಿತು. ಜಾಹೀರಾತು ಬೇಕಾದವನಿಗೆ ಒಂದು ದರ, ಬೇಡದವನಿಗೆ ಇನ್ನೊಂದು. ಆಟವಿರುವ ಫೋನಿಗೆ ಇಷ್ಟು, ಇಲ್ಲದ್ದಕ್ಕೆ ಇಷ್ಟು ಎಂದು ಡಬ್ಬಿಯ ಮೇಲೆ ಎರಡು ಬೆಲೆ ಮುದ್ರಿಸಿದ ದಿನ ಈ ಪ್ರಬಂಧದ ಈ ಪರಿಚ್ಛೇದವನ್ನು ಹಿಂತೆಗೆದುಕೊಳ್ಳಲಾಗುವುದು.

ಉಳಿದದ್ದು ಪ್ರಯೋಗಕಾಂಡ. ಹೊಸ ಫೋನ್ ತೆರೆಯುವಾಗ ಬೆರಳಿಗೆ ಅವಸರ ಬೇಡ; ಟಿಕ್ ಆಗಿ ಬಂದ ಚೌಕಗಳನ್ನೆಲ್ಲ ಖಾಲಿ ಮಾಡಿ ಮುಂದೆ ಹೋಗಿ. ಹಳೆಯ ಫೋನಾದರೆ ಸೆಟ್ಟಿಂಗ್ಸ್‌ನಲ್ಲಿ ‘ಆ್ಯಪ್ಸ್’ ತೆರೆದು, ‘ಸಿಸ್ಟಂ ಆ್ಯಪ್‌ಗಳನ್ನು ತೋರಿಸು’ ಎಂಬುದನ್ನು ಒತ್ತಿ. ಆಗ ಅಂತಃಪುರದ ಪರದೆ ಸರಿಯುತ್ತದೆ. ನಮ್ಮಲ್ಲಿ ಮಾರಾಟವಾಗುವ ಸ್ಯಾಮ್‌ಸಂಗ್‌ನ ಕೆಲವು ಅಗ್ಗದ ಮಾಲೆಗಳಲ್ಲಿ ‘ಆ್ಯಪ್‌ಕ್ಲೌಡ್’, ಶಿಯೋಮಿಯಲ್ಲಿ ಈಚಿನವರೆಗೆ ‘ಗೆಟ್‌ಆ್ಯಪ್ಸ್’, ಒಪ್ಪೊ ಮತ್ತು ರಿಯಲ್‌ಮಿಗಳ ಮುಖಪುಟದಲ್ಲಿ ‘ಹಾಟ್ ಗೇಮ್ಸ್’ ಎಂಬ ಫೋಲ್ಡರು, ಹೀಗೆ ಕಂಪನಿಗೊಂದು ಹೆಸರು. ಅಳಿಸುವ ಬಟನ್ ಇವುಗಳಲ್ಲಿ ಬಹಳಷ್ಟಕ್ಕೆ ಇರುವುದಿಲ್ಲ, ಹುಟ್ಟುಹಕ್ಕಿನವರನ್ನು ಮನೆಯಿಂದ ಹೊರಗೆ ಹಾಕಲಾಗದು. ಆದರೆ ‘ಡಿಸೇಬಲ್’ ಇದ್ದರೆ ಒತ್ತಿ. ಅದೂ ಇಲ್ಲದಿದ್ದರೆ ಅದರ ನೋಟಿಫಿಕೇಶನ್ ಮತ್ತು ಹಿನ್ನೆಲೆಯ ಡೇಟಾ ಎರಡನ್ನೂ ಕತ್ತರಿಸಿ. ಫೋಲ್ಡರಿನ ಶಿಫಾರಸುಗಳನ್ನು ಅದರದೇ ಸೆಟ್ಟಿಂಗಿನಲ್ಲಿ ಆಫ್ ಮಾಡಬಹುದು. ‘ಇನ್‌ಸ್ಟಾಲ್ ಅನ್‌ನೋನ್ ಆ್ಯಪ್ಸ್’ ಪಟ್ಟಿಯಲ್ಲಿ ಬ್ರೌಸರಿಗೋ ಫೈಲ್ ಹಂಚುವ ಆ್ಯಪ್‌ಗೋ ಅನುಮತಿ ಕೊಟ್ಟು ಮರೆತಿದ್ದರೆ ಹಿಂದಕ್ಕೆ ಪಡೆಯಿರಿ. ಕಂಪ್ಯೂಟರಿಗೆ ಕೇಬಲ್ ಹಾಕಿ ಎಡಿಬಿ ಎಂಬ ಸಲಕರಣೆಯಿಂದ ಇನ್ನೂ ಕಠಿಣ ಕ್ರಮ ಕೈಗೊಳ್ಳುವ ಉಗ್ರಪಂಥೀಯರಿದ್ದಾರೆ. ಅವರ ಪೂಜೆಯೂ ಮುಂದಿನ ರೀಸೆಟ್‌ವರೆಗೆ ಮಾತ್ರ ಫಲ ಕೊಡುತ್ತದೆ. ಉತ್ಸಾಹದಲ್ಲಿ ‘ಪ್ಯಾಕೇಜ್ ಇನ್‌ಸ್ಟಾಲರ್’ ಮತ್ತು ‘ಗೂಗಲ್ ಪ್ಲೇ ಸರ್ವೀಸಸ್’ ಎರಡನ್ನು ಮುಟ್ಟಬೇಡಿ. ಅವು ಮನೆಯ ಕಂಬಗಳು, ಕಳ್ಳರಲ್ಲ.

ಸಿಸ್ಟಂ ಅಪ್‌ಡೇಟ್ ಬಂದಾಗಲೆಲ್ಲ ಡಿಸೇಬಲ್ ಮಾಡಿದ ಆ್ಯಪ್ ಪುನಃ ಚಾಲೂ ಆಗಿರುವ ಸಾಧ್ಯತೆ ಇದೆ. ಆದ್ದರಿಂದ ಪ್ರತಿ ಅಪ್‌ಡೇಟಿನ ನಂತರ ಅದೇ ಪುಟವನ್ನು ತೆರೆದು ಬಟನ್ ನೋಡಿ. ಅಲ್ಲಿ ‘ಎನೇಬಲ್’ ಎಂದಿದ್ದರೆ ಅದು ಮಲಗಿದೆ. ‘ಡಿಸೇಬಲ್’ ಎಂದಿದ್ದರೆ ಎದ್ದಿದೆ, ಮತ್ತೊಮ್ಮೆ ಒತ್ತಬೇಕು.