ಘಾಟು ಹೋದದ್ದೆಲ್ಲಿಗೆ? ಗಂಧಾಂತರ ಶಾಸ್ತ್ರಕ್ಕೆ ಜವನಗೊಂಡನಹಳ್ಳಿ ಸೀಮೆಯಿಂದೊಂದು ಪೀಠಿಕೆ

ಕೆಂಡಕ್ಕೆ ಒಂದು ಹಿಡಿ ಒಣಮೆಣಸಿನಕಾಯಿ ಬಿದ್ದರೆ ಮನೆಮಂದಿಯೆಲ್ಲ ಕೆಮ್ಮಬೇಕು. ಅದೇ ಮೆಣಸಿನಕಾಯಿಯನ್ನು ಉಪ್ಪು, ಸಾಸಿವೆ ಸಮೇತ ಅಳುವ ಮಗುವಿಗೆ ಮೂರು ಸುತ್ತು ನಿವಾಳಿಸಿ ಒಲೆಗೆ ಹಾಕಿದಾಗ ಒಬ್ಬರಿಗೂ ಕೆಮ್ಮು ಬರಲಿಲ್ಲವೆನ್ನಿ. ಆಗ ಅಜ್ಜಿ, "ನೋಡ್ದಾ, ಒಂಚೂರಾದ್ರೂ ಘಾಟೈತಾ? ಎಂಥಾ ಕಣ್ಣು ಬಿದ್ದಿತ್ತೋ ಕೂಸಿಗೆ" ಅನ್ನುತ್ತಾಳೆ. ದೃಷ್ಟಿ ಹೋಯಿತೆಂದು ಎಲ್ಲರೂ ನಿಟ್ಟುಸಿರು ಬಿಡುತ್ತಾರೆ. ಘಾಟು ಎಲ್ಲಿಗೆ ಹೋಯಿತೆಂದು ಮಾತ್ರ ಯಾರೂ ಕೇಳುವುದಿಲ್ಲ. ಕೇಳದೆ ಬಿಟ್ಟ ಈ ಪ್ರಶ್ನೆಯಿಂದಲೇ ಗಂಧಾಂತರ ಶಾಸ್ತ್ರ ಹುಟ್ಟಿದೆ.

ಶಾಸ್ತ್ರದ ಮೊದಲ ಸೂತ್ರ: ವಾಸನೆಗೆ ನಾಶವಿಲ್ಲ, ವರ್ಗಾವಣೆ ಮಾತ್ರ ಉಂಟು. ಈ ಆಯಾಮದ ಮೂಗಿಗೆ ಸಿಗದ ಘಾಟು ಇನ್ನೊಂದು ಆಯಾಮದಲ್ಲಿ ಯಾರನ್ನೋ ಕೆಮ್ಮಿಸುತ್ತಿರುತ್ತದೆ. ಕಣ್ಣು ಹಾಕಿದವರ ಮನೆಗೆ ಹೋಗಿ, "ನಿನ್ನೆ ಸಂಜೆ ದೀಪ ಹಚ್ಚುವ ಹೊತ್ತಿಗೆ ನಿಮ್ಮಲ್ಲಿ ಯಾರಾದರೂ ಕೆಮ್ಮಿದಿರಾ?" ಎಂದು ಕೇಳಿಬಂದರೆ ಸೂತ್ರ ಸಿದ್ಧವಾದಂತೆಯೇ. ಕೇಳಲು ಹೋಗುವವರು ಸಿಗದ ಕಾರಣ ಪ್ರಯೋಗವನ್ನು ಮುಂದೂಡಲಾಗಿದೆ.

ಈ ವಿದ್ಯೆಗೆ ಜವನಗೊಂಡನಹಳ್ಳಿಯೇ ಪೀಠವೇಕೆ? ಊರು ಹಿರಿಯೂರು ತಾಲ್ಲೂಕಿನದು. ಶಿರಾದಿಂದ ಹಿರಿಯೂರಿಗೆ ಹೋಗುವ ಹೆದ್ದಾರಿಯಲ್ಲಿದೆ. ಹೆದ್ದಾರಿಯ ನಂಬರು 4 ಹೋಗಿ 48 ಆಯಿತೆಂಬುದನ್ನು ಬಿಟ್ಟರೆ ಅಲ್ಲಿ ಅತಿಮಾನುಷವಾದದ್ದೇನೂ ಕಾಣದು. ಆದರೆ ಹೆಸರನ್ನು ನೋಡಿ. ಹಳಗನ್ನಡದಲ್ಲಿ ಜವನೆಂದರೆ ಯಮ. ಜವನದ ಮೊದಲ ಅಕ್ಷರ ತಿದ್ದಿದರೆ ದವನ, ಹೂಮಾಲೆಯ ನಡುವೆ ಕಟ್ಟುವ ಆ ಪರಿಮಳದ ಗಿಡ. ಪರಲೋಕಕ್ಕೂ ಪರಿಮಳಕ್ಕೂ ಒಂದೇ ಅಕ್ಷರದ ಅಂತರವಿರುವ ಊರು ಇನ್ನೆಲ್ಲಿ ಸಿಕ್ಕೀತು? ಅದು ಹಳೆಯ ಕಾಲದ ಯಾರೋ ಗೌಡನ ಹೆಸರಿರಬಹುದಲ್ಲ ಎಂದು ವಾದಿಸುವವರಿದ್ದಾರೆ. ಇರಲಿ. ನಿರುಕ್ತಿ ಕೈಯಲ್ಲಿರುವಾಗ ಗೌಡನ ಗೊಡವೆ ನಮಗೆ ಬೇಡ.

ಪೂರ್ವಸೂರಿಗಳನ್ನು ನೆನೆಯದೆ ಮುಂದೆ ಹೋಗುವಂತಿಲ್ಲ. ಸುಮಾರು 1025ರಲ್ಲಿ ಚಾವುಂಡರಾಯ ಕನ್ನಡದಲ್ಲೇ ಬರೆದ ಲೋಕೋಪಕಾರದಲ್ಲಿ ಬಾವಿ ತೋಡುವುದು, ಅಡುಗೆ ಮಾಡುವುದರ ಜೊತೆಗೆ ಸುಗಂಧ ತಯಾರಿಸುವ ವಿಧಾನಗಳೂ ಇವೆ. ನಂತರದ ಶತಮಾನದಲ್ಲಿ ಕಲ್ಯಾಣದ ಚಾಲುಕ್ಯ ದೊರೆ ಮೂರನೆಯ ಸೋಮೇಶ್ವರ ಮಾನಸೋಲ್ಲಾಸದಲ್ಲಿ ಧೂಪವನ್ನು ರಾಜಭೋಗಗಳ ಸಾಲಿಗೆ ಸೇರಿಸಿದ. ಇಬ್ಬರೂ ಬದುಕಿದವರ ಮೂಗಿನ ಆಚೆಗೆ ಯೋಚಿಸಲಿಲ್ಲವೆಂಬುದು ನಮ್ಮ ವಿನಯಪೂರ್ವಕ ಆಕ್ಷೇಪ. ಯೋಚಿಸಿದ್ದು ಭಾಷೆಯೇ. ಸಾರು ಕುದಿಯುವಾಗ ಬರುವುದೂ ವಾಸನೆ, ಹಿಂದಿನ ಜನ್ಮದಿಂದ ಅಂಟಿಕೊಂಡು ಬರುವುದೂ ವಾಸನೆ. ಎರಡಕ್ಕೂ ಒಂದೇ ಮಾತು ಸಾಕೆಂದ ಹಿರಿಯರು ಏನೋ ಮೂಸಿ ನೋಡಿಯೇ ಹಾಗೆಂದಿರಬೇಕು. ಮಿದುಳಿನ ವಿಜ್ಞಾನಿಗಳೂ ಈಗ ಅದೇ ದಾರಿಗೆ ಬಂದಿದ್ದಾರೆ. ಕಣ್ಣು, ಕಿವಿಗಳ ಅರ್ಜಿ ಥಲಾಮಸ್ ಎಂಬ ಕಚೇರಿಯಲ್ಲಿ ಸೀಲು ಹಾಕಿಸಿಕೊಂಡು ಮೇಲಕ್ಕೆ ಹೋಗಬೇಕಂತೆ. ವಾಸನೆ ಮಾತ್ರ ಜವಾನನನ್ನು ಕೇಳದೆ ನೇರ ನೆನಪಿನ ಕೋಣೆಗೆ ನುಗ್ಗುತ್ತದೆ. ನಲವತ್ತು ವರ್ಷ ಹಿಂದೆ ಸತ್ತ ಅತ್ತೆಯನ್ನು ಒಂದು ಚಿಟಿಕೆ ನಶ್ಯ ಎದುರಿಗೆ ತಂದು ನಿಲ್ಲಿಸುವುದು ಹೀಗೆ.

ಸತ್ತವರ ಮಾತು ಬಂದದ್ದರಿಂದ ಎರಡನೆಯ ಪ್ರಯೋಗಕ್ಕೆ ಬರೋಣ. ಹಿರಿಯರ ಹಬ್ಬದಲ್ಲಿ ಎಡೆ ಇಡುತ್ತಾರೆ. ಮುದ್ದೆ, ಸಾರು, ವಡೆ, ಅಜ್ಜನಿಗೆ ಪ್ರಿಯವಾದ ಬೀಡಿ, ಅಜ್ಜ ಇನ್ನೂ ರಸಿಕನಾಗಿದ್ದರೆ ಒಂದು ಸಣ್ಣ ಬಾಟಲಿ. ಸಾಂಬ್ರಾಣಿ ಹೊಗೆ ಹಾಕಿ ಬಾಗಿಲು ಮುಚ್ಚಿ ಎಲ್ಲರೂ ಜಗಲಿಗೆ ಬಂದು ಕೂರುತ್ತಾರೆ. ಸ್ವಲ್ಪ ಹೊತ್ತಿನ ಮೇಲೆ ಬಾಗಿಲು ತೆಗೆದರೆ ವಡೆಗಳ ಲೆಕ್ಕ ಸರಿಯಾಗಿದೆ, ಹಿರಿಯರ ಹೊಟ್ಟೆಯೂ ತುಂಬಿದೆ! ಹಿರಿಯರು ಬರೀ ವಾಸನೆ ಉಣ್ಣುತ್ತಾರೆ ಎಂಬುದಲ್ಲದೆ ಇದಕ್ಕೆ ಬೇರೆ ವಿವರಣೆಯಿಲ್ಲ. ಆರಿದ ವಡೆಗೆ ಮೊದಲಿನ ಘಮ ಇರುವುದಿಲ್ಲವೆಂಬುದನ್ನು ನಾವು ಚಿಕ್ಕಂದಿನಿಂದಲೂ ತಿಂದೇ ದೃಢಪಡಿಸಿದ್ದೇವೆ. ಬಾಟಲಿಯ ಮಟ್ಟ ಮಾತ್ರ ಕೆಲವು ಮನೆಗಳಲ್ಲಿ ಇಳಿದಿರುವುದುಂಟು. ಅದಕ್ಕೆ ಕಾರಣ ಹಿತ್ತಿಲ ಬಾಗಿಲು. ಅದು ನಮ್ಮ ಶಾಸ್ತ್ರದ ವ್ಯಾಪ್ತಿಗೆ ಬರುವುದಿಲ್ಲ.

ಇಲ್ಲಿಯವರೆಗೆ ಹೇಳಿದ್ದು ಇಲ್ಲಿಂದ ಹೋಗುವ ವಾಸನೆಯ ಕಥೆ. ಕಠಿಣವಾದದ್ದು ಅಲ್ಲಿಂದ ಬರುವ ವಾಸನೆ. ಇದರಲ್ಲಿ ಹಿರಿಯೂರು ಸೀಮೆಯವರಷ್ಟು ಅನುಭವಿಗಳು ಇನ್ನೊಬ್ಬರಿಲ್ಲ. ಪಶ್ಚಿಮಘಟ್ಟದ ಮಳೆನೆರಳಿನ ನಾಡಿದು. ಮೋಡ ಬರುತ್ತದೆ, ಗಾಳಿ ಬರುತ್ತದೆ, ಒದ್ದೆ ಮಣ್ಣಿನ ಘಮವೂ ಬರುತ್ತದೆ, ಮಳೆ ಬರುವುದಿಲ್ಲ. 1964ರಲ್ಲಿ ಆಸ್ಟ್ರೇಲಿಯಾದ ಇಸಬೆಲ್ ಬೇರ್ ಮತ್ತು ಥಾಮಸ್ ಈ ಘಮಕ್ಕೆ ಪೆಟ್ರಿಕೋರ್ ಎಂದು ನಾಮಕರಣ ಮಾಡಿದರು. ಕಲ್ಲು ಮತ್ತು ದೇವತೆಗಳ ನೆತ್ತರು ಎಂಬ ಎರಡು ಗ್ರೀಕ್ ಮಾತುಗಳ ಜೋಡಣೆ ಅದು. ದೇವಲೋಕದ ಸಂಬಂಧವನ್ನು ಅವರೂ ಬಿಡಲಿಲ್ಲವೆಂಬುದು ಗಮನಾರ್ಹ. ಮಣ್ಣಿನ ಸೂಕ್ಷ್ಮಜೀವಿಗಳು ಮಾಡುವ ಜಿಯೋಸ್ಮಿನ್ ಎಂಬ ವಸ್ತು ಈ ಘಮದ ಒಂದು ಮೂಲ. ಅದು ಲಕ್ಷ ಕೋಟಿಯಲ್ಲಿ ಕೆಲವೇ ಪಾಲಿದ್ದರೂ ಮನುಷ್ಯನ ಮೂಗು ಹಿಡಿಯುತ್ತದೆ. ಎಲ್ಲೋ ದೂರ ಬಿದ್ದ ಮಳೆಯ ಸುದ್ದಿಯನ್ನು ಗಾಳಿ ತಂದಿತು ಎನ್ನುತ್ತದೆ ವಿಜ್ಞಾನ. ಮಳೆ ಇದೇ ಹೊಲದ ಮೇಲೇ ಬಿತ್ತು, ಆದರೆ ಆಯಾಮ ಬೇರೆ ಎನ್ನುತ್ತದೆ ನಮ್ಮ ಶಾಸ್ತ್ರ. ಪುರಾವೆ ಬೇಕಾದವರು ಮಾರಿಕಣಿವೆಗೆ ಹೋಗಲಿ. 1907ರಲ್ಲಿ ಕಟ್ಟಿ ಮುಗಿದ ಅಲ್ಲಿನ ಜಲಾಶಯ ವಾಣಿವಿಲಾಸ ಸಾಗರ 1933ರಲ್ಲಿ ಒಮ್ಮೆ ಕೋಡಿ ಬಿದ್ದದ್ದು, ಮತ್ತೆ ಬಿದ್ದದ್ದು 2022ರಲ್ಲಿ. ನಡುವಿನ 89 ವರ್ಷದ ನೀರು ಎಲ್ಲಿತ್ತು?

ಮಳೆಮಾಪಕದಲ್ಲಿ ಮಿಲಿಮೀಟರಿಗೆ ಗೆರೆಯಿದೆ, ಘಮಕ್ಕಿಲ್ಲ. ಹೀಗಾಗಿ ಸರ್ಕಾರಿ ದಾಖಲೆಯಲ್ಲಿ ಸೊನ್ನೆಯಿರುವ ದಿನವೇ ನಮ್ಮಜ್ಜ ಅಂಗಳದಲ್ಲಿ ಮೂಗೆತ್ತಿ ನಿಂತು, "ವಾಸ್ನೆ ಬಂತು ಕಣೇ, ನಾಳಿಕ್ಕೆ ಬಿತ್ಬೋದು" ಎಂದು ಶೇಂಗಾ ಬೀಜದ ಮೂಟೆ ಇಳಿಸಿದ್ದ. ಅಜ್ಜಿ ಎದುರಾಡಲಿಲ್ಲ. ಅವನು ಕೂರಿಗೆ ನೋಡಲು ಹಿತ್ತಿಲಿಗೆ ಹೋದಾಗ ಅರ್ಧ ಮೂಟೆ ತೆಗೆದು ವಾಡೆಯೊಳಕ್ಕೆ ಸುರಿದಳು. ಬಿತ್ತಿದ್ದು ಇನ್ನೊಂದು ಆಯಾಮದಲ್ಲಿ ಹುಲುಸಾಗಿ ಬೆಳೆದಿರಬೇಕು, ಇಲ್ಲಂತೂ ಮೊಳಕೆಯೊಡೆಯಲಿಲ್ಲ. ತಿಂಗಳು ಕಳೆದ ಮೇಲೆ ಒಂದು ಸಂಜೆ ಅಜ್ಜಿ ಒಲೆ ಹೊತ್ತಿಸಿ, ಬಾಣಲೆಯಲ್ಲಿ ಮರಳು ಕಾಯಿಸಿ, ವಾಡೆಯ ಶೇಂಗಾ ಹುರಿಯತೊಡಗಿದಳು. ಆ ವಾಸನೆ ಯಾವ ಲೋಕಕ್ಕೂ ಹೋಗದೆ ಬೀದಿ ತುಂಬ ನಿಂತಿತು. ಹುಡುಗರೆಲ್ಲ ಜಗಲಿಗೆ ಬಂದೆವು. ಅಜ್ಜನೂ ಬಂದ. "ಎಲ್ಲಿತ್ತೇ ಇದು?" ಎಂದು ಮಾತ್ರ ಕೇಳಲಿಲ್ಲ.