ಗೋಡೆ ತಟ್ಟುವ ಭಾವ

ನಮ್ಮ ಭಾವ ಯಾರ ಮನೆಗೆ ಹೋದರೂ ಚಪ್ಪಲಿ ಬಿಡುವ ಮೊದಲೇ ಗೋಡೆ ತಟ್ಟುತ್ತಾರೆ. ಗಟ್ಟಿ ಇಟ್ಟಿಗೆಯಾದರೆ ಮುಖ ಸಪ್ಪಗಾಗುತ್ತದೆ. ಸಿನಿಮಾ ಸೆಟ್ಟಿನಲ್ಲಿ ಗೋಡೆ ಎಂದರೆ ರೀಪರಿಗೆ ಮೊಳೆ ಹೊಡೆದ ಪ್ಲೈವುಡ್. ಕ್ಯಾಮೆರಾ ಇನ್ನೆರಡು ಹೆಜ್ಜೆ ಹಿಂದೆ ಹೋಗಬೇಕು ಅಂದರೆ ಅಡುಗೆಮನೆಯ ಗೋಡೆಯನ್ನೇ ನಾಲ್ಕು ಜನ ಎತ್ತಿಕೊಂಡು ಹೋಗುತ್ತಾರೆ. ಇಪ್ಪತ್ತೈದು ವರ್ಷ ಅಂಥ ಮನೆ ಕಟ್ಟಿದವರಿಗೆ ನಮ್ಮ ಜಯನಗರದ ಗೋಡೆಗಳು ಹಟಮಾರಿಗಳಂತೆ ಕಂಡರೆ ತಪ್ಪೇನಿಲ್ಲ.

ಮೊದಲು ಅವರ ಕಾರ್ಡಿನಲ್ಲಿ ‘ಕಲಾ ನಿರ್ದೇಶಕ’ ಎಂದಿತ್ತು. ಈಗ ‘ಪ್ರೊಡಕ್ಷನ್ ಡಿಸೈನರ್’. ಆ ಬಿರುದು ಮೊದಲು ಸಿಕ್ಕಿದ್ದು 1939ರ ‘ಗಾನ್ ವಿತ್ ದ ವಿಂಡ್’ ಚಿತ್ರಕ್ಕೆ ದುಡಿದ ವಿಲಿಯಂ ಕ್ಯಾಮೆರಾನ್ ಮೆಂಜೀಸ್‌ಗೆ ಎಂದು ಆಟೊದವರಿಗೂ ಹೇಳುತ್ತಾರೆ. ಅದರಲ್ಲಿ ಅಟ್ಲಾಂಟಾ ಹೊತ್ತಿ ಉರಿಯುವ ದೃಶ್ಯಕ್ಕೆ ಸ್ಟುಡಿಯೋದ ಹಳೇ ಸೆಟ್ಟುಗಳಿಗೇ ಬೆಂಕಿ ಇಟ್ಟರಂತೆ. “ಅವರು ಸುಟ್ಟು ಹೆಸರು ಮಾಡಿದ್ರು, ನಾನು ಕಟ್ಟಿದ್ರೂ ಹೆಸರಿಲ್ಲ,” ಎನ್ನುವುದು ಭಾವನ ಕೊರಗು. ಗಾಂಧಿನಗರದ ಭಾಷೆಯಲ್ಲಿ ‘ಪ್ರೊಡಕ್ಷನ್’ ಎಂದರೆ ಟೀ, ತಿಂಡಿ ಹಂಚುವವರು. ಹಾಗಾಗಿ ಕಾರ್ಡ್ ನೋಡಿದವರೊಬ್ಬರು, “ಸಾರ್, ಇವತ್ತು ಊಟಕ್ಕೆ ಏನು?” ಎಂದು ಕೇಳಿಯೇಬಿಟ್ಟರು.

ಭಾವನ ಮನೆಯ ಹಾಲಿನಲ್ಲಿ ಮಳೆನೀರು ಇಳಿದು ಭೂಪಟದಂಥ ಕಲೆ ಬಿದ್ದಿದೆ, ಅಂಚಿನಲ್ಲಿ ಹಸಿರು ಪಾಚಿ. ಸುಣ್ಣ ಹೊಡೆಸಿ ಅಂತ ಅಕ್ಕ ಮೂರು ಮಳೆಗಾಲದಿಂದ ಗೋಗರೆಯುತ್ತಿದ್ದಾಳೆ. “ಇಂಥ ಪಾಚಿ ಬರಿಸೋಕೆ ನನ್ನ ಹುಡುಗರಿಗೆ ಮೂರು ದಿನ ಬೇಕು ಕಣೇ, ಇದು ಪುಕ್ಕಟೆ ಬಂದಿದೆ!” ಬಂದ ಪೇಂಟರನ್ನು ಕಾಫಿ ಕೊಟ್ಟು ವಾಪಸ್ ಕಳಿಸಿದರು. ಅವರ ಕಸುಬೇ ಹೊಸದಕ್ಕೆ ವಯಸ್ಸು ಬರಿಸುವುದು. ಹೊಸ ಕಾಗದವನ್ನು ಟೀ ಡಿಕಾಕ್ಷನ್‌ನಲ್ಲಿ ಅದ್ದಿ ಒಣಗಿಸಿದರೆ ಅಜ್ಜನ ಕಾಲದ ಪತ್ರ. ಒಮ್ಮೆ ಅಕ್ಕ ಗೊತ್ತಿಲ್ಲದೆ ಆ ಡಿಕಾಕ್ಷನ್ನಿಗೆ ಹಾಲು ಬೆರೆಸಿ ನೆಂಟರಿಗೆ ಕೊಟ್ಟಳು. ಅವರಿಗೇನೂ ವಯಸ್ಸಾಗಲಿಲ್ಲ.

ಕಳೆದ ಸಲ 1972ರ ಕಥೆ ಸಿಕ್ಕಿತು. ಭಾವ ನಿದ್ದೆ ಬಿಟ್ಟರು. ಅಂಗಡಿಯ ಬೋರ್ಡಿನಲ್ಲಿ ರೂಪಾಯಿಯ ಹೊಸ ಚಿಹ್ನೆ ಕಂಡು ಪೇಂಟರನ್ನು ಬೈದರು, ಅದು ಬಂದಿದ್ದು 2010ರಲ್ಲಿ. ಕಚೇರಿಯ ಫಲಕದಲ್ಲಿದ್ದ ‘ಕರ್ನಾಟಕ ಸರ್ಕಾರ’ ಅಳಿಸಿ ‘ಮೈಸೂರು ಸರ್ಕಾರ’ ಬರೆಸಿದರು, ಏಕೆಂದರೆ ರಾಜ್ಯದ ಹೆಸರು ಬದಲಾಗಿದ್ದು 1973ರ ನವೆಂಬರ್ 1ರಂದು. ಏಪ್ರಿಲ್ ತಿಂಗಳ ದೃಶ್ಯದಲ್ಲಿ ಪೋಸ್ಟ್‌ಮ್ಯಾನ್ ತರುವ ಕಾಗದದ ಮೇಲೆ ಪಿನ್‌ಕೋಡ್ ಇತ್ತು. ಅದು ಜಾರಿಗೆ ಬಂದಿದ್ದೇ ಆ ವರ್ಷದ ಆಗಸ್ಟ್ 15ಕ್ಕೆ. ಲಕೋಟೆ ಹರಿದು ಹೊಸದು ಬರೆಸಿದರು.

ಗೋಡೆಗೊಂದು ಕ್ಯಾಲೆಂಡರ್ ಬೇಕಾಯಿತು. 1972ಕ್ಕೂ 2000ಕ್ಕೂ ತಾರೀಖು, ವಾರ ಅಚ್ಚುಕಟ್ಟಾಗಿ ಹೊಂದುತ್ತವೆ ಎಂದು ಲೆಕ್ಕ ಹಾಕಿ ನಮ್ಮ ಅಟ್ಟ ಹತ್ತಿದರು. 2000ದ ಕ್ಯಾಲೆಂಡರ್, ಅಮ್ಮ ಬರೆದ ಹಾಲಿನ ಲೆಕ್ಕದ ಸಮೇತ ಸಿಕ್ಕಿತು. ಇಸವಿಯ ಮೇಲೆ ಚೀಟಿ ಅಂಟಿಸಿ, ಡಿಕಾಕ್ಷನ್ ಚಿಮುಕಿಸಿ, ಅಮ್ಮನ ಮುಂದೆ ಹಿಡಿದರು.

ಅಮ್ಮ ಕನ್ನಡಕ ಹಾಕಿಕೊಂಡು ನೋಡಿದರು. “ಅಳಿಯಂದಿರೇ, ಯುಗಾದಿ ಏಪ್ರಿಲ್ ಐದು ಅಂತಿದೆಯಲ್ಲ?”

“ಹೌದು ಅತ್ತೆ. ಬುಧವಾರ. ಸರಿಯಾಗಿದೆ.”

“ವಾರ ಸರಿ. ನಾನು ಮದುವೆಯಾಗಿ ಬಂದ ಮೊದಲ ಯುಗಾದಿ ಅದು. ಮಾರ್ಚಿನಲ್ಲೇ ಆಗಿಹೋಗಿತ್ತು.”

ಇಪ್ಪತ್ತೆಂಟು ವರ್ಷಕ್ಕೆ ವಾರ ಹೊಂದುತ್ತದೆ, ಚಂದ್ರ ಹೊಂದುವುದಿಲ್ಲ. ಅಷ್ಟು ಹೊತ್ತಿಗೆ ಶೂಟಿಂಗಿಗೆ ಒಂದೇ ರಾತ್ರಿ ಉಳಿದಿತ್ತು. ಕ್ಯಾಲೆಂಡರ್ ಹಾಗೇ ಏರಿತು. ಮರುದಿನದಿಂದ ಭಾವನಿಗೆ ಊಟ ರುಚಿಸಲಿಲ್ಲ. ಪಂಚಾಂಗ ಬಲ್ಲವನೊಬ್ಬ ಥಿಯೇಟರಿನಲ್ಲಿ ಎದ್ದು ನಿಂತು ಕೂಗಿದಂತೆ ಕನಸಂತೆ.

ಸಿನಿಮಾ ಬಂತು. ಮನೆಮಂದಿಯೆಲ್ಲ ಹೋದೆವು. ಭಾವ ಸೆಟ್ಟಿಗೆಂದು ಒಯ್ದಿದ್ದ ನಮ್ಮ ಒರಳುಕಲ್ಲು ಅರ್ಧ ಸೆಕೆಂಡ್ ಮಿಂಚಿತು, ಅಕ್ಕ ಚಪ್ಪಾಳೆ ಹೊಡೆದಳು. ಕ್ಯಾಲೆಂಡರಿನ ದೃಶ್ಯ ಶುರುವಾದಾಗ ಭಾವ ನನ್ನ ಮೊಣಕೈ ಹಿಡಿದುಕೊಂಡರು. ಹೀರೋ ಬಂದ, ಗೋಡೆಗೆ ಬೆನ್ನು ಕೊಟ್ಟು ನಿಂತ, ನಾಲ್ಕು ನಿಮಿಷ ತಾಯಿಯ ತ್ಯಾಗದ ಬಗ್ಗೆ ಮಾತಾಡಿದ. ಅಗಲವಾದ ಬೆನ್ನು. ಕ್ಯಾಲೆಂಡರಿನ ಮೊಳೆ ಮಾತ್ರ ಕಂಡಿತು.

ಅಮ್ಮ ಕತ್ತಲಲ್ಲಿ ಭಾವನ ಕಡೆ ಬಾಗಿ ಸಮಾಧಾನ ಹೇಳಿದರು: “ನೋಡಿ, ಯುಗಾದಿ ತಪ್ಪಿದ್ದು ಯಾರಿಗೂ ಕಾಣಲೇ ಇಲ್ಲ.”