ಹುರುಳಿಕಾಯಿ ಪಲ್ಯ: ಒಂದು ಪಾಠಪರಿಷ್ಕರಣ

ಕನ್ನಡದ ಗ್ರಂಥಸಂಪಾದನೆಗೆ ಡಿ.ಎಲ್. ನರಸಿಂಹಾಚಾರ್ಯರು ಶಾಸ್ತ್ರವನ್ನೇ ಬರೆದುಕೊಟ್ಟರು. ಪಲ್ಯಸಂಪಾದನೆಗೆ ಮಾತ್ರ ಇಂದಿಗೂ ದಿಕ್ಕಿಲ್ಲ. ಒಂದೇ ಹುರುಳಿಕಾಯಿ ಪಲ್ಯ ಮನೆಗೊಂದು ಪಾಠವಾಗಿ ಹರಡಿದೆ. ಪ್ರತಿ ಅಡುಗೆಮನೆಯೂ ತನ್ನದೇ ಮೂಲವೆಂದು ಸಾಧಿಸುತ್ತಿದೆ. ಈ ಅರಾಜಕತೆಯನ್ನು ಕೊನೆಗಾಣಿಸಿ, ಕಾಯಿ ಹಾಕಿದ ಪಲ್ಯದ ಶುದ್ಧಪಾಠವನ್ನು ನಿರ್ಣಯಿಸಲು ಇಲ್ಲಿ ಯತ್ನಿಸಲಾಗಿದೆ.

ಮೊದಲು ಪ್ರಕ್ಷಿಪ್ತಗಳ ವಿಚಾರ. ಒಗ್ಗರಣೆಯಲ್ಲಿ ಮೆರೆಯುವ ಒಣಮೆಣಸಿನಕಾಯಿಯ ತವರು ಅಮೆರಿಕ. 1498ರಲ್ಲಿ ವಾಸ್ಕೋ ಡ ಗಾಮ ಕಲ್ಲಿಕೋಟೆ ಮುಟ್ಟಿದ ಮೇಲೆ ಪೋರ್ಚುಗೀಸರ ಕೃಪೆಯಿಂದ ಇತ್ತ ಬಂದದ್ದು. ಸುಮಾರು 1025ರ ಚಾವುಂಡರಾಯನ 'ಲೋಕೋಪಕಾರ'ದಲ್ಲಿ ಅಡುಗೆಯ ಭಾಗವನ್ನು ಎಷ್ಟು ಮೂಸಿದರೂ ಅದರ ಘಾಟು ಬಾರದು. ಆದ್ದರಿಂದ ಬ್ಯಾಡಗಿ ಮೆಣಸಿನಕಾಯಿ ಪ್ರಕ್ಷಿಪ್ತ, ತೆಗೆದುಹಾಕತಕ್ಕದ್ದು. ಅದರ ಜಾಗಕ್ಕೆ ಕರಿಮೆಣಸು. ಇದೇ ನ್ಯಾಯವನ್ನು ಮುಂದುವರಿಸಿದರೆ ಸಣ್ಣದೊಂದು ತೊಡಕು ತಲೆದೋರುತ್ತದೆ: ಪೇಟೆಯಲ್ಲಿ ಬೀನ್ಸ್ ಎಂದು ಕೂಗಿ ಮಾರುವ ಈ ಹುರುಳಿಕಾಯಿಯೂ ಅಮೆರಿಕದ್ದೇ. ಅದನ್ನೂ ತೆಗೆದರೆ ಬಾಣಲೆಯಲ್ಲಿ ಸಾಸಿವೆ, ಉದ್ದಿನಬೇಳೆ, ಕರಿಮೆಣಸು, ಕರಿಬೇವು, ಕಾಯಿತುರಿ ಇಷ್ಟೇ ಉಳಿಯುತ್ತವೆ. ತರಕಾರಿಯಿಲ್ಲದ ಪಲ್ಯವೇ ಮೂಲಪಾಠ ಎಂಬ ಈ ಸಿದ್ಧಾಂತವನ್ನು ನಾಡಿನ ಮಕ್ಕಳು ಒಮ್ಮತದಿಂದ ಅನುಮೋದಿಸುವರೆಂದು ನಂಬಲು ಆಧಾರಗಳಿವೆ.

ಪಾಠಾಂತರಗಳು ಹಲವು. ಕರಾವಳಿಯ ಪಾಠದಲ್ಲಿ ತೆಂಗಿನೆಣ್ಣೆಯ ಒಗ್ಗರಣೆ, ಜೊತೆಗೊಂದು ಚೂರು ಬೆಲ್ಲ. ಧಾರವಾಡದ ಕಡೆ ಕಾಯಿತುರಿಯ ಜಾಗದಲ್ಲಿ ಶೇಂಗಾಪುಡಿ, ಇಲ್ಲವೇ ಗುರೆಳ್ಳುಪುಡಿ. ಎರೆಭೂಮಿಯಲ್ಲಿ ತೆಂಗು ಅಪರೂಪವಾದ್ದರಿಂದ ಇದನ್ನು ಲಿಪಿಕಾರನ ಸ್ಖಾಲಿತ್ಯವೆನ್ನಲಾಗದು. ಆದರೆ ಶೇಂಗಾ ಮತ್ತೆ ಅಮೆರಿಕದ್ದು, ಗುರೆಳ್ಳಿನ ತವರು ಇಥಿಯೋಪಿಯ! (ಇಷ್ಟಾಗಿಯೂ ಜೋಳದ ರೊಟ್ಟಿಯ ಜೊತೆ ಈ ಪಾಠ ಬಡಿಸಿದಾಗ ಯಾವ ವಿದ್ವಾಂಸನೂ ಆಕ್ಷೇಪ ಎತ್ತಿದ್ದಿಲ್ಲ.) ಕೇರಳದ ತೋರನ್‌ನಲ್ಲಿ ಕಾಯಿಯನ್ನು ಜೀರಿಗೆ, ಅರಿಸಿನ, ಹಸಿಮೆಣಸಿನಕಾಯಿಯೊಡನೆ ಜಜ್ಜಿ, ತರಕಾರಿ ಬೇಯುವಾಗಲೇ ಸೇರಿಸಿಬಿಡುತ್ತಾರೆ. ಇದು ವ್ಯಾಖ್ಯಾನವನ್ನು ಮೂಲದೊಳಕ್ಕೆ ನುಗ್ಗಿಸಿದ ದೋಷ.

ಇನ್ನು ಮುಚ್ಚಳದ ಜಿಜ್ಞಾಸೆ. ಮುಚ್ಚಿ ಬೇಯಿಸಿದರೆ ಬೇಗ ಬೇಯುತ್ತದೆಂದು ಮುಚ್ಚಳವಾದಿಗಳು. ಅಮುಚ್ಚಳವಾದಿಗಳ ಖಂಡನೆ ಹೀಗಿದೆ: ಬೇಯುವ ಹುರುಳಿಕಾಯಿಯಿಂದ ಹೊರಡುವ ಆಮ್ಲದ ಆವಿ ಮುಚ್ಚಳಕ್ಕೆ ತಗುಲಿ ಮರಳಿ ಬಾಣಲೆಗೇ ಇಳಿಯುತ್ತದೆ, ಆಗ ಪತ್ರಹರಿತ್ತಿನಲ್ಲಿರುವ ಮೆಗ್ನೀಸಿಯಮ್ ಕಳಚಿಕೊಂಡು, ಹಸಿರು ಹೋಗಿ ಪೊಲೀಸರ ಖಾಕಿ ಬರುತ್ತದೆ. ತಟ್ಟೆಯನ್ನು ಓರೆಯಾಗಿ ಮುಚ್ಚುವವರು ಭೇದಾಭೇದವಾದಿಗಳು. ಪಲ್ಯ ಚೆನ್ನಾಗಿರುವುದು ಇವರದೇ ಆದರೂ ರುಚಿ ಶಾಸ್ತ್ರಕ್ಕೆ ಪ್ರಮಾಣವಲ್ಲ.

ಪ್ರಬಂಧದ ಹೃದಯಭಾಗ ಕಾಯಿತುರಿ. ಅದು ಹಸಿಕಾಯಿಯದೇ ಆಗಿರಬೇಕು. ತಿಪಟೂರಿನ ಉಂಡೆಕೊಬ್ಬರಿ ಎಷ್ಟೇ ಗೌರವಾರ್ಹವಾದರೂ ಪಲ್ಯದಲ್ಲಿ ಅದು ಕೂಟಶಾಸನ. ತುರಿಯುವಾಗ ಚಿಪ್ಪಿನ ಪಕ್ಕದ ಕಂದು ಸಿಪ್ಪೆ ಬರುವ ಮೊದಲೇ ಕೈ ನಿಲ್ಲಬೇಕು. ಕಂದು ಚುಕ್ಕೆ ಕಂಡಿತೋ, ಪ್ರತಿಯನ್ನು ಅವಸರದಲ್ಲಿ ಮಾಡಿದ್ದಾರೆಂದು ತಿಳಿಯತಕ್ಕದ್ದು. ಒಲೆ ಆರಿಸಿದ ಮೇಲೆಯೇ ತುರಿ ಉದುರಿಸಬೇಕೆಂಬ ವಿಧಿಯಿದೆ, ಬಹಳ ಹೊತ್ತು ಬೆಂದರೆ ಅದರ ಹಸಿ ಸಿಹಿ ಉಳಿಯುವುದಿಲ್ಲ. ಆದರೆ ನಿಜವಾದ ಸಂಕಟವೆಂದರೆ ಗ್ರಂಥಪಾತ. ಓಲೆಗರಿಗೆ ಗೆದ್ದಲು ಹಿಡಿಯುವ ಹಾಗೆ, ತುರಿಯುವ ಮಣೆಗೂ ಬಾಣಲೆಗೂ ನಡುವೆ ಕಾಯಿತುರಿಗೆ ಮೊಮ್ಮಕ್ಕಳು ಹಿಡಿಯುತ್ತಾರೆ. ಅರ್ಧ ಹೋಳು ತುರಿದರೆ ಬಾಣಲೆಗೆ ತಲುಪುವುದು ಎಷ್ಟೆಂಬುದನ್ನು ಮೊಮ್ಮಕ್ಕಳ ಸಂಖ್ಯೆ ನಿರ್ಧರಿಸುತ್ತದೆ. ಅಜ್ಜಿಯರು ಈ ನಷ್ಟವನ್ನು ಊಹಿಸಿ ಒಂದು ಹಿಡಿ ಹೆಚ್ಚಿಗೇ ತುರಿದು, "ಸಾಕು, ನಡೀರೋ ಆಚೆ" ಎಂದು ಗದರುತ್ತಾರೆ. ಗದರಿಕೆಯೂ ಪಾಠದ ಭಾಗವೇ ಎಂಬುದು ನಮ್ಮ ಅಭಿಪ್ರಾಯ. ಯಾವ ಪ್ರತಿಯಲ್ಲೂ ಅದು ಬಿಟ್ಟುಹೋದದ್ದಿಲ್ಲ.

ಕಾಯಿ ಬಿದ್ದ ಪಲ್ಯ ಬೇಗ ಹಳಸುತ್ತದೆ. ಆದಕಾರಣ ಮಧ್ಯಾಹ್ನ ಉಳಿದದ್ದನ್ನು ಸಂಜೆ ಅಕ್ಕಿಹಿಟ್ಟಿಗೆ ಕಲಸಿ ರೊಟ್ಟಿ ತಟ್ಟುವ ರೂಢಿಯಿದೆ. ಇದು ಪುನರ್ಮುದ್ರಣವೋ ಪರಿಷ್ಕೃತ ಆವೃತ್ತಿಯೋ ಎಂಬ ಚರ್ಚೆ ಇನ್ನೂ ಮುಗಿದಿಲ್ಲ. ಪ್ರತಿಗಳು ಕಾವಲಿಯಿಂದ ಇಳಿಯುತ್ತಿದ್ದಂತೆಯೇ ಖರ್ಚಾಗುತ್ತಿರುವುದರಿಂದ ಪರಿಶೀಲನೆಗೆ ಒಂದೂ ದೊರೆತಿಲ್ಲ.